ಚುರುಮುರಿಗೆ ಹೂದಾರದ ಪರೀಕ್ಷೆ

“ಗೋದಕ್ಕಾರ, ನೀವು ನಾಯೀನ ಅಡ್ಡಾಡಸಾಕ ಹೊಂಟೀರೋ, ನಾಯಿ ನಿಮ್ಮನ್ನ ಅಡ್ಡಾಡಸಾಕ ಹೊಂಟೈತೋ, ಅದನ್ನಷ್ಟು ಹೇಳಿ ಹೋಗ್ರಿ” ಎಂದು ದಸ್ತಗೀರ್ ಟೇಲರ್ ಕೇಳಿದ್ದು ನನ್ನ ಕಿವಿಗೆ ಬೀಳುವ ಹೊತ್ತಿಗೆ ನಾನು ಅವನ ಅಂಗಡಿ ದಾಟಿ, ಸೋಡಾ ಅಂಗಡಿಯನ್ನೂ ದಾಟಿ, ನಾಲ್ಕು ದಾರಿ ಕೂಡುವ ಚೌಕಕ್ಕೆ ಬಂದಿದ್ದೆ. ಬಂದಿದ್ದೆ ಅಂದರೆ ಸುಳ್ಳಾಗುತ್ತದೆ. ಚುರುಮುರಿ ನನ್ನನ್ನು ಅಲ್ಲಿಗೆ ಎಳೆದು ತಂದಿತ್ತು. ಒಂದು ಕಾಲಿನ ಚಪ್ಪಲಿ ಸೋಡಾ ಅಂಗಡಿಯ ಮುಂದೆಯೇ ಉಳಿದಿತ್ತು. ನಾನು ಹಿಂತಿರುಗಿ, ಮೊದಲು ನಿನ್ನ ನಾಲಿಗೆಗೆ ಎರಡು ಹೊಲಿಗೆ ಹಾಕಿಕೋ ತಮ್ಮಾ ಎಂದು ಕೂಗಿದೆ. ಆ ಮಾತು ಅಂಗಡಿ ಮುಟ್ಟುವಷ್ಟರಲ್ಲಿ ದಸ್ತಗೀರ್ ಒಳಗೆ ಗುಂಡಿ ಹುಡುಕಲು ಹೋಗಿದ್ದನಂತೆ, ಅವನ ಜಾಗದಲ್ಲಿ ಶಾಲೆಯ ಹೆಡ್‌ಮಾಸ್ತರರು ಕೈ ಅಗಲಿಸಿ ಅಳತೆ ಕೊಡುತ್ತ ನಿಂತಿದ್ದರಂತೆ. ಮರುದಿನದಿಂದ ಅವರು ನನ್ನನ್ನು ಕಂಡರೆ ಆ ಕಡೆಯ ಬದಿಗೆ ಸರಿದು ನಡೆಯತೊಡಗಿದರು.

ನಮ್ಮೂರಲ್ಲಿ ಇಂಥವು ನಡೆಯುತ್ತಲೇ ಇರುತ್ತವೆ. ಇಲ್ಲಿ ಆಡಿದ ಮಾತು ಕಿವಿಗೆ ಹೋಗಿ ಮುಟ್ಟಲು ಒಂದು ವೀಳ್ಯದೆಲೆಗೆ ಸುಣ್ಣ ಸವರಿ, ಅಡಿಕೆ ಇಟ್ಟು, ಮಡಚಿ ಬಾಯಿಗೆ ಹಾಕಿಕೊಳ್ಳುವಷ್ಟು ಹೊತ್ತು ಬೇಕು. ಆ ಹೊತ್ತಿಗೆ ನಾವು ಒಂದೆಲೆ ಅನ್ನುತ್ತೇವೆ. ಪಕ್ಕದಲ್ಲೇ ಕೂತವರಿಗೂ ಒಂದೆಲೆ, ಬೀದಿಯ ಆ ತುದಿಯಲ್ಲಿ ನಿಂತವರಿಗೂ ಒಂದೆಲೆ, ಆಡಿದವರ ಸ್ವಂತ ಕಿವಿಗೂ ಒಂದೆಲೆ. ಮನುಷ್ಯರ ಬಾಯಿಂದ ಬಂದದ್ದಕ್ಕೆ ಮಾತ್ರ ಈ ಸಾವಕಾಶ. ಗಂಟೆ, ಚಪ್ಪಾಳೆ, ಹಾರ್ನು, ನಾಯಿಯ ಬೊಗಳಾಟ ಎಲ್ಲ ತಕ್ಷಣ ಕೇಳುತ್ತವೆ. ಅದಕ್ಕೇ ನಮ್ಮಲ್ಲಿ ಮನೆಗೊಂದು ನಾಯಿ ಇರಬೇಕೆಂದು ಎಲ್ಲರಿಗೂ ಆಸೆ.

ಇದರಿಂದ ತೊಂದರೆಯೇನೂ ಇಲ್ಲ, ರೂಢಿಯಾಗಬೇಕು ಅಷ್ಟೆ. ಸಂತೆಯಲ್ಲಿ ಬದನೆಕಾಯಿ ಎಷ್ಟಕ್ಕೆ ಕೊಡುತ್ತೀ ಎಂದು ಕೇಳಿ, ಪಕ್ಕದವಳ ಮೆಣಸಿನಕಾಯಿ ಮುರಿದು ಮೂಸಿ ನೋಡಿ ಬಂದರೆ ಉತ್ತರ ಬಂದಿರುತ್ತದೆ. ಜಗಳ ಮಾಡುವವರು ಬೈದು, ಒಳಗೆ ಹೋಗಿ ಒಲೆಯ ಮೇಲಿನ ಹಾಲು ಇಳಿಸಿ, ಆಮೇಲೆ ಹೊರಗೆ ಬಂದು ಎದುರಿನವರ ಬೈಗುಳಕ್ಕೆ ಕಿವಿ ಕೊಡುತ್ತಾರೆ. ಅಷ್ಟರಲ್ಲಿ ಅರ್ಧ ಸಿಟ್ಟು ಇಳಿದಿರುತ್ತದೆ. ಹೊಸದಾಗಿ ಮದುವೆಯಾಗಿ ಬಂದ ಸೊಸೆಯರು ಮಾತ್ರ ಮೊದಲ ತಿಂಗಳು ತುಂಬ ಅಳುತ್ತಾರೆ, ಗಂಡ ಕೇಳಿದ್ದಕ್ಕೆ ಉತ್ತರವನ್ನೇ ಕೊಡುವುದಿಲ್ಲ ಎಂದು. ಆಮೇಲೆ ತುಟಿ ನೋಡುವುದು ಕಲಿಯುತ್ತಾರೆ. ಯಾರದಾದರೂ ತುಟಿ ಅಲ್ಲಾಡಿದ್ದು ಕಂಡರೆ ಏನೋ ಬರುತ್ತಿದೆ ಎಂದು ಒಂದೆಲೆ ನಿಲ್ಲುವುದು ನಮ್ಮೂರ ಮರ್ಯಾದೆ.

ಈ ಊರಿನ ಬಸ್‌ಸ್ಟ್ಯಾಂಡಿನಲ್ಲಿ ಮೂವತ್ತೊಂದು ವರ್ಷ ಮೈಕಿನ ಮುಂದೆ ಕೂತು ಬಸ್ಸು ಕರೆದವಳು ನಾನು. ಮೈಕು ಮಾತನ್ನು ದೊಡ್ಡದು ಮಾಡುತ್ತದೆಯೇ ಹೊರತು ಬೇಗ ಮಾಡುವುದಿಲ್ಲ. ಬಸ್ಸು ಬಂದು ನಿಂತ ಮೇಲೆ ಕರೆದರೆ ನನ್ನ ಮಾತು ಹೊರಟುಹೋದ ಬಸ್ಸಿನ ಹೊಗೆಯ ಮೇಲೆ ಬೀಳುತ್ತದೆ. ಆದ್ದರಿಂದ ಬಸ್ಸು ತಿರುವಿನಲ್ಲಿ ಮೂತಿ ತೋರಿಸುವ ಮೊದಲೇ, ರಸ್ತೆಯ ಧೂಳು ನೋಡಿ, ಯಾವ ಡ್ರೈವರನ ಪಾಳಿ ಎಂದು ನೆನೆದು, ಅವನ ಕಾಲಿನ ಅವಸರ ಲೆಕ್ಕ ಹಾಕಿ ಕರೆಯಬೇಕು. ಚಕ್ರ ನಿಲ್ಲುವುದಕ್ಕೂ ಊರಿನ ಹೆಸರು ಜನರ ಕಿವಿಗೆ ಬೀಳುವುದಕ್ಕೂ ಸರಿಹೋಗಬೇಕು. ಈ ವಿದ್ಯೆಯನ್ನು ನನಗೆ ಯಾರೂ ಕಲಿಸಲಿಲ್ಲ. ಮೊದಲ ವರ್ಷ ತಪ್ಪಿದ ಬಸ್ಸುಗಳ ಜನ ಕಲಿಸಿದರು.

ಚುರುಮುರಿ ಅಲ್ಲಿಯದೇ ನಾಯಿ. ಚುರುಮುರಿ ಗಾಡಿಯ ಕೆಳಗೆ ಹುಟ್ಟಿ, ಉದುರಿದ್ದು ತಿಂದು ಬೆಳೆದದ್ದು. ಮೈಯೆಲ್ಲ ಬೆಲ್ಲದ ಬಣ್ಣ, ಒಂದು ಕಿವಿ ಸದಾ ಎದ್ದಿರುತ್ತದೆ, ಇನ್ನೊಂದು ಸದಾ ಮಲಗಿರುತ್ತದೆ. ಬಸ್ಸುಗಳ ಇಂಜಿನ್ ಸದ್ದು ನನಗಿಂತ ಮೊದಲು ಅದಕ್ಕೆ ಗೊತ್ತಾಗುತ್ತಿತ್ತು. ನಾನು ಎಂದಾದರೂ ತೂಕಡಿಸಿದರೆ ಕಿಟಕಿಯ ಕೆಳಗೆ ಬಂದು ಒಮ್ಮೆ ಬೊಗಳುತ್ತಿತ್ತು, ಕೂಡಲೇ ನಾನು ಮೈಕು ಹಿಡಿಯುತ್ತಿದ್ದೆ. ಆರು ವರ್ಷ ಹೀಗೆ ಇಬ್ಬರೂ ಸೇರಿ ನೌಕರಿ ಮಾಡಿದೆವು. ನನ್ನ ನೌಕರಿ ಮುಗಿದ ದಿನ ಶಾಲು ಹೊದಿಸಿ, ಹಾರ ಹಾಕಿ, ರಿಕ್ಷಾ ಹತ್ತಿಸಿದರು. ಮನೆಯ ಮುಂದೆ ಇಳಿದು ನೋಡಿದರೆ ಸೀಟಿನ ಹಿಂದೆ ಇದು ಕೂತಿತ್ತು. ಹೋಗು ಅನ್ನಲು ನನಗೆ ಮನಸ್ಸು ಬರಲಿಲ್ಲ. ಅಂದಿದ್ದರೂ ಅದು ಕೇಳಿಸುವಷ್ಟರಲ್ಲಿ ಒಳಗೆ ಹೋಗಿ ನನ್ನ ಮಂಚದ ಕೆಳಗೆ ಮಲಗಿರುತ್ತಿತ್ತು.

ಬಸ್‌ಸ್ಟ್ಯಾಂಡಿನ ನಾಯಿಗೆ ಯಾವ ನಿಯಮವೂ ಇಲ್ಲ. ಮನೆಯ ನಾಯಿಗೆ ಇದೆ. ಯಾರ ಮನೆಗೆ ನಾಯಿ ಸೇರಿತೋ ಅವರು ನಲವತ್ತು ದಿನದೊಳಗೆ ಅದಕ್ಕೆ ಹಗ್ಗದಲ್ಲಿ ನಡೆಯುವುದು ಕಲಿಸಬೇಕು. ಸರಿದುಕೊಳ್ಳಿ ಎಂದು ಕೂಗಿದ್ದು ಒಂದೆಲೆ ತಡವಾಗಿ ಕೇಳುವ ಊರಿನಲ್ಲಿ, ಎಳೆದಾಡುವ ನಾಯಿ ಎಷ್ಟು ಸೈಕಲ್ಲುಗಳನ್ನು ಉರುಳಿಸೀತು ಯೋಚಿಸಿ. ಕಲಿತದ್ದನ್ನು ವಾರ್ಡಿನ ಕಚೇರಿಯ ಪಂಚಾಕ್ಷರಯ್ಯನವರು ಪರೀಕ್ಷೆ ಮಾಡುತ್ತಾರೆ. ಹಗ್ಗ ಬಿಚ್ಚಿಸಿ, ಅದರ ಬದಲಿಗೆ ಹೂ ಪೋಣಿಸುವ ಒಂಟಿ ಎಳೆ ದಾರ ಕಟ್ಟಿಸುತ್ತಾರೆ. ಕೆರೆಯ ದಂಡೆಯಿಂದ ಚೌಕ ದಾಟಿ, ಟೇಲರ್ ಅಂಗಡಿಯ ಮುಂದಿನಿಂದ ಅಂಚೆ ಕಚೇರಿಯವರೆಗೆ ದಾರ ಹರಿಯದಂತೆ ನಡೆದರೆ ನಾಯಿಯ ಕೊರಳಿಗೆ ಹಿತ್ತಾಳೆಯ ಬಿಲ್ಲೆ. ಹರಿದರೆ ಹೊಳೆಯಾಚೆಯ ದೊಡ್ಡಿ. ದೊಡ್ಡಿಯಲ್ಲಿ ಹೊಡೆಯುವುದಿಲ್ಲ, ಎರಡು ಹೊತ್ತು ಅಂಬಲಿ ಹಾಕುತ್ತಾರೆ, ಬೇವಿನ ನೆರಳಿದೆ. ಆದರೆ ಅಲ್ಲಿಂದ ಬಸ್ಸಿನ ಸದ್ದು ಕೇಳುವುದಿಲ್ಲ, ಮತ್ತು ನಾನು ಅಲ್ಲಿ ಇರುವುದಿಲ್ಲ.

ನಾನು ಹೆದರಲಿಲ್ಲ. ಮೂವತ್ತೊಂದು ವರ್ಷ ಬಸ್ಸು ನಿಲ್ಲಿಸಿದವಳಿಗೆ ಒಂದು ನಾಯಿ ನಿಲ್ಲಿಸುವುದು ಯಾವ ಲೆಕ್ಕ ಅಂದುಕೊಂಡೆ. ಚೌಕಕ್ಕೆ ಹದಿನೈದು ಹೆಜ್ಜೆ ಇರುವಾಗಲೇ ನಿಲ್ಲು ಎಂದು ಹೇಳಿಬಿಡುವುದು, ಚೌಕ ಮುಟ್ಟುವಾಗ ಮಾತೂ ಮುಟ್ಟುತ್ತದೆ. ಮೊದಲ ದಿನ ಹಾಗೇ ಮಾಡಿದೆ. ಆದರೆ ಬಸ್ಸಿಗೊಂದು ವೇಳೆ ಇರುತ್ತದೆ, ನಾಯಿಗೆ ಇಲ್ಲ. ನಾನು ನಿಲ್ಲು ಅಂದ ಕೂಡಲೇ ಅದಕ್ಕೆ ಒಂದು ಓತಿಕ್ಯಾತ ಕಂಡಿತು. ಚೌಕವನ್ನು ದಾಟಿ, ಬಾವಿಯ ಕಟ್ಟೆ ಸುತ್ತಿ, ನನ್ನನ್ನೂ ಸುತ್ತಿಸಿತು. ನಿಲ್ಲು ಎಂಬುದು ಬಂದು ಬಿದ್ದಾಗ ಅದು ನಿಜವಾಗಿಯೂ ನಿಂತಿತು. ನಿಂತದ್ದು ಎಲ್ಲಿ ಅಂದರೆ, ಬಾವಿಯ ಬಳಿ ಯಾರೋ ಇಟ್ಟಿದ್ದ ಇಡ್ಲಿ ಹಿಟ್ಟಿನ ಪಾತ್ರೆಯೊಳಗೆ, ಮುಂದಿನ ಎರಡು ಕಾಲು ಇಟ್ಟು.

ಬಾಯಿ ಬೇಡ, ಕೈ ಇರಲಿ ಎಂದು ಮರುದಿನ ಚಪ್ಪಾಳೆ ತಟ್ಟಿದೆ. ಆದರೆ ತಕ್ಷಣ ಕೇಳುವ ಸದ್ದುಗಳೆಲ್ಲ ನಮ್ಮೂರಲ್ಲಿ ಯಾವುದೋ ಕೆಲಸಕ್ಕೆ ಮೀಸಲಾಗಿವೆ. ಒಂದು ಚಪ್ಪಾಳೆ ಅಂದರೆ ದಾರಿ ಬಿಡಿ. ಇಡೀ ಬೀದಿಯೇ ಗೋಡೆಗೆ ಆತು ನಿಂತಿತು, ಚುರುಮುರಿಗೆ ಓಡಲು ಇನ್ನೂ ಅನುಕೂಲವಾಯಿತು. ಎರಡು ಚಪ್ಪಾಳೆಗೆ ಹೋಟೆಲಿನಿಂದ ಚಹಾ ಬಂತು. ತಗಡಿನ ಸೀಟಿ ಊದಿದರೆ ಕಂಡಕ್ಟರ್ ಊದಿದ್ದೆಂದು ತಿಳಿದು ಸ್ಟಾಪಿನಲ್ಲಿ ನಿಂತಿದ್ದ ಬಸ್ಸು ಜನರನ್ನು ಬಿಟ್ಟು ಹೊರಟಿತು. ಆ ಸಂಜೆ ನನಗೆ ಗುರುತಿದ್ದವರೆಲ್ಲ ಒಬ್ಬೊಬ್ಬರಾಗಿ ಮನೆಗೆ ಬಂದು, ಗೋದಕ್ಕಾರ ನೌಕರಿ ಬಿಟ್ಟರೂ ಬಸ್ಸು ಬಿಡಲಿಲ್ಲ ಎಂದು ನಕ್ಕು ಹೋದರು.

ಉಳಿದದ್ದು ಹೊಗಳಿಕೆಯ ದಾರಿ. ಎಳೆದಾಗ ಗದರುವುದು ಬೇಡ, ಸರಿಯಾಗಿ ನಡೆದಾಗ ಹೊಗಳೋಣ, ಅದು ತಾನಾಗಿ ಕಲಿಯಲಿ. ನನಗೂ ಅದು ಇಷ್ಟದ ಕೆಲಸ, ಮಾತಾಡುವುದಲ್ಲವೇ. ಕೆರೆಯಿಂದ ಹಿಂತಿರುಗುವಾಗ ಚೌಕದಲ್ಲಿ ಸೈಕಲ್ಲುಗಳ ಸಾಲು ಬಂದರೆ ಚುರುಮುರಿ ಒಂದು ಕ್ಷಣ ನಿಲ್ಲುತ್ತಿತ್ತು. ನಿಂತ ಕೂಡಲೇ ನಾನು ಶಾಭಾಷ್ ಅನ್ನುತ್ತಿದ್ದೆ. ಎಲ್ಲಿಗೆ ಹೋದರೂ ಹುರಿಗಡಲೆ ಪುಟಾಣಿ ನನ್ನ ಸೆರಗಿನ ಗಂಟಿನಲ್ಲಿ ಇರುತ್ತಿತ್ತು. ಶಾಭಾಷ್ ಕೇಳಿಸಿದ ಹೊತ್ತಿಗೆ ನಾಲ್ಕು ಕಾಳು ಅದರ ಬಾಯಿಗೆ ಹಾಕುತ್ತಿದ್ದೆ. ಹತ್ತು ದಿನ ಬಿಡದೆ ಹೀಗೆ ಮಾಡಿದೆ. ಹನ್ನೊಂದನೆಯ ದಿನ ದಸ್ತಗೀರ್ ಅಂಗಡಿಯಿಂದ ಇಳಿದು ಬಂದ. ಅವನ ಅಂಗಡಿಯ ಮುಂದೆ ಒಂದು ಹಸಿರು ಬಣ್ಣದ ಕಂಬವಿದೆ, ಬೋರ್ಡು ನೇತುಹಾಕಿರುವುದು ಅದಕ್ಕೇ. ಆ ಕಂಬ ತೋರಿಸಿ, ಮೊದಲು ವಾರಕ್ಕೊಮ್ಮೆ ಇತ್ತು, ಈಗ ದಿನಾ ಬೆಳಿಗ್ಗೆ ಬಂದು ಕಾಲೆತ್ತುತ್ತದೆ, ಕಾಲೆತ್ತಿ ನಿಮ್ಮ ಮುಖ ಬೇರೆ ನೋಡುತ್ತದೆ, ಬಹುಮಾನ ಸಿಗುತ್ತದೋ ಎಂಬಂತೆ, ಎಂದು ಬಹಳ ನಯವಾಗಿ ದೂರು ಕೊಟ್ಟ. ಗಿರಾಕಿಗಳು ಪ್ಯಾಂಟಿನ ತುದಿ ಎತ್ತಿಕೊಂಡು ಒಳಗೆ ಬರುತ್ತಾರಂತೆ.

ನನಗೆ ಅಳು ಬಂತು. ನಲವತ್ತರಲ್ಲಿ ಹತ್ತೊಂಬತ್ತು ದಿನ ಹೋಗಿದ್ದವು. ಅಲ್ಲೇ ಕಂಬಕ್ಕೆ ಆತು ನಿಂತಿದ್ದಾಗ ಯಂಕವ್ವ ಬಂದಳು. ಯಂಕವ್ವ ತನ್ನ ಎಮ್ಮೆಯನ್ನು ಮನೆಮನೆಯ ಮುಂದೆ ತಂದು, ನಮ್ಮ ಕಣ್ಣೆದುರೇ ಹಿಂಡಿ ಹಾಲು ಹಾಕುವವಳು. ನನಗಿಂತ ಹತ್ತು ವರ್ಷ ದೊಡ್ಡವಳು, ಎಮ್ಮೆಯ ಜೊತೆ ಒಂದು ಮಾತೂ ಆಡಿದ್ದನ್ನು ಯಾರೂ ಕಂಡಿಲ್ಲ. ಅವಳು ಹಿಂಡುತ್ತಲೇ ನನ್ನ ಕಥೆಯನ್ನೆಲ್ಲ ಕೇಳಿದಳು. ಮರುದಿನ ಬೆಳಿಗ್ಗೆ ಎಮ್ಮೆಯನ್ನು ಸೋಡಾ ಅಂಗಡಿಯ ಬಳಿ ನಿಲ್ಲಿಸಿಕೊಂಡು, ನಾವಿಬ್ಬರೂ ಕೆರೆಯಿಂದ ಬರುವುದನ್ನು ನೋಡುತ್ತ ಕೂತಳು. ಚೌಕದಲ್ಲಿ ನನ್ನ ತುಟಿ ಅಲ್ಲಾಡಿದ ಕೂಡಲೇ ಸೊಂಟದ ಚೀಲದಿಂದ ಒಂದು ಎಲೆ ತೆಗೆದಳು. ಸುಣ್ಣ ಸವರಿದಳು, ಅಡಿಕೆ ಇಟ್ಟಳು, ಮಡಚಿದಳು. ಎಲೆ ಅವಳ ಬಾಯಿಗೆ ಹೋಯಿತು. ಚುರುಮುರಿ ಕಂಬದ ಬುಡದಲ್ಲಿ ಕಾಲೆತ್ತಿತು. ನನ್ನ ಶಾಭಾಷ್ ಬಂದು ಬಿತ್ತು. ನಾನು ಸೆರಗಿನ ಗಂಟಿಗೆ ಕೈ ಹಾಕಿದ್ದೆ.

“ನಿನ್ನ ನಾಯಿ ಭಾಳ ಶಾಣ್ಯಾ ಐತಿ ಗೋದವ್ವ” ಎಂದಳು ಯಂಕವ್ವ. “ನೀ ಏನು ಹೇಳಾಕತ್ತೀಯೋ ಅದನ್ನ ಬರೋಬ್ಬರಿ ಮಾಡಾಕತ್ತೈತಿ. ಕಂಬಕ್ಕ ಕಾಲೆತ್ತು ಅಂತ ಹತ್ತ ದಿನದಿಂದ ಕಲಸಾಕತ್ತೀದಿ. ಅದು ಕಲ್ತೈತಿ.”

ನಾನು ಅಲ್ಲೇ ಕೂತುಬಿಟ್ಟೆ. ಮೊದಲೇ ಮಾತು ಕಳಿಸುವುದು ಗೊತ್ತಿದ್ದ ನಾನು, ಕಳಿಸಿದ ಮಾತು ಎಲ್ಲಿ ಹೋಗಿ ಇಳಿಯುತ್ತದೆ ಎಂದು ಮರೆತಿದ್ದೆ. ಹಾಗಾದರೆ ಏನು ಮಾಡಲಿ ಎಂದೆ. ಯಂಕವ್ವ ಚುರುಮುರಿಯ ಹಗ್ಗ ನನ್ನ ಕೈಯಿಂದ ತೆಗೆದುಕೊಂಡು ಎಮ್ಮೆಯ ಹಗ್ಗ ನನ್ನ ಕೈಗೆ ಕೊಟ್ಟಳು. ಹೊರಟಳು. ಚುರುಮುರಿ ಎಳೆಯಿತು, ಹಗ್ಗ ಬಿಗಿಯಿತು. ಯಂಕವ್ವ ಕಲ್ಲುಕಂಬದ ಹಾಗೆ ನಿಂತಳು. ಎಳೆದೂ ಎಳೆದೂ ಸಾಕಾಗಿ ಚುರುಮುರಿ ತಿರುಗಿ ನೋಡಿತು, ಹಗ್ಗ ಸಡಿಲವಾಯಿತು. ಸಡಿಲವಾದ ಆ ಕ್ಷಣವೇ ಅವಳು ಒಂದು ಹೆಜ್ಜೆ ಇಟ್ಟಳು. ಮತ್ತೆ ಬಿಗಿಯಿತು, ಮತ್ತೆ ನಿಂತಳು. ಮೊಣಕಾಲಿನ ಪಕ್ಕಕ್ಕೆ ಬಂದಾಗ ಬೆರಳ ತುದಿಯಿಂದ ಒಂದು ಪುಟಾಣಿ ಕೊಟ್ಟಳು. ಸೋಡಾ ಅಂಗಡಿಯಿಂದ ಟೇಲರ್ ಅಂಗಡಿಗೆ ಹೋಗಲು ಅವಳಿಗೆ ಎರಡು ಮನೆಯ ಹಾಲು ಹಾಕುವಷ್ಟು ಹೊತ್ತು ಹಿಡಿಯಿತು. ಆದರೆ ಕೊನೆಯ ಹತ್ತು ಹೆಜ್ಜೆ ಹಗ್ಗ ತೊಟ್ಟಿಲ ಹಾಗೆ ಜೋತಾಡುತ್ತಿತ್ತು. ಈ ನಡುವೆ ಎಮ್ಮೆ ನನ್ನನ್ನು ನೋಡಿ, ಇವಳಿಂದ ಏನೂ ಆಗುವುದಿಲ್ಲ ಎಂದು ತೀರ್ಮಾನಿಸಿ, ಸೋಡಾ ಅಂಗಡಿಯವನ ನಿಂಬೆಹಣ್ಣು ಮೆಲ್ಲತೊಡಗಿತ್ತು.

“ಹಗ್ಗಕ್ಕ ಎಲಿ ಹೊತ್ತು ಬೇಕಿಲ್ಲ” ಎಂದಳು ಹಿಂತಿರುಗಿ ಬಂದು. “ಈ ತುದಿಗೆ ಅಂದದ್ದು ಆ ತುದಿಗೆ ಆಗಲೇ ಮುಟ್ಟಿರತೈತಿ. ನೀ ಬಾಯಿ ಮುಚ್ಚಿದ್ರ ಮುಗೀತು.”

ಬಾಯಿ ಮುಚ್ಚುವುದು. ಅದೊಂದನ್ನು ಬಿಟ್ಟು ಬೇರೆ ಏನಾದರೂ ಹೇಳು ಎಂದು ಕೇಳಿಕೊಂಡೆ. ನಾಳೆಯಿಂದ ಬಾಯಿ ತುಂಬ ನೀರು ತುಂಬಿಕೊಂಡು ಹೊರಡು ಅಂದಳು.

ಹಾಗೇ ಹೊರಟೆ. ತಂಬಿಗೆಯಿಂದ ಒಂದು ದೊಡ್ಡ ಗುಟುಕು ನೀರು ಬಾಯಿಗೆ ಹಾಕಿಕೊಂಡು, ಕೆನ್ನೆ ಉಬ್ಬಿಸಿಕೊಂಡು, ಒಂದು ಕೈಯಲ್ಲಿ ಹಗ್ಗ, ಇನ್ನೊಂದರಲ್ಲಿ ಪುಟಾಣಿ. ಮೊದಲ ದಿನ ಓಣಿಯ ತುದಿ ಮುಟ್ಟಲಿಲ್ಲ. ಅದು ಎಳೆಯಿತು, ನಾನು ನಿಂತೆ. ಅದು ನನ್ನ ಮುಖ ನೋಡಿತು. ನೌಕರಿಯ ಆರು ವರ್ಷದಲ್ಲಿ ಅದು ನನ್ನನ್ನು ಇಷ್ಟು ಹೊತ್ತು ನೋಡಿರಲಿಲ್ಲ, ನಾನೂ ಅದನ್ನು ನೋಡಿರಲಿಲ್ಲ. ಬಲಗಿವಿ ಹಿಂದಕ್ಕೆ ಹೋದರೆ ಎಳೆಯಲಿದೆ ಎಂದು ಅರ್ಥ ಅನ್ನುವುದು ಮೂರನೆಯ ದಿನ ಗೊತ್ತಾಯಿತು. ನನ್ನ ಎಡಗಾಲು ನಿಧಾನವಾದರೆ ತಿರುಗಲಿದ್ದೇನೆ ಎಂದು ಅರ್ಥ ಅನ್ನುವುದು ಐದನೆಯ ದಿನ ಅದಕ್ಕೆ ಗೊತ್ತಾಯಿತು. ಎಂಟನೆಯ ದಿನ ಚೌಕ ದಾಟಿದೆವು. ಹನ್ನೆರಡನೆಯ ದಿನ ಕೆರೆಗೆ ಹೋಗಿ ಬಂದೆವು, ದಾರಿಯಲ್ಲಿ ಹತ್ತು ಸಲ ಮಾತ್ರ ನಿಂತು. ಕಂಬದ ಹತ್ತಿರ ಬಂದಾಗ ಮಾತ್ರ ಅದು ಹಳೆಯ ಪಾಠ ನೆನೆದು ಕಾಲೆತ್ತಿ ನನ್ನ ಮುಖ ನೋಡುತ್ತಿತ್ತು. ನಾನು ಪುಟಾಣಿಯನ್ನು ಮುಷ್ಟಿಯಲ್ಲಿ ಬಿಗಿಹಿಡಿದು ಮುಂದೆ ನೋಡುತ್ತಿದ್ದೆ.

ಊರಿನವರದೇ ಕಷ್ಟವಾಯಿತು. ಮೂವತ್ತೊಂದು ವರ್ಷ ಬೆಳಗಿನಿಂದ ಸಂಜೆಯವರೆಗೆ ನನ್ನ ದನಿ ಕೇಳಿದವರು, ಆರಾಮೇನ್ರಿ ಎಂದು ಕೇಳಿ, ಒಂದೆಲೆ ಕಾದು, ಎರಡೆಲೆ ಕಾದು, ಉತ್ತರ ಬರದೆ ಗಾಬರಿಯಾದರು. ಗೋದಕ್ಕನ ಗಂಟಲು ಹೋಗಿದೆ ಎಂದು ಸುದ್ದಿಯಾಯಿತು. ಉಬ್ಬಿದ ಕೆನ್ನೆ ಕಂಡವರು ಹಲ್ಲುನೋವು ಅಂದರು. ಒಬ್ಬರು ಲವಂಗದೆಣ್ಣೆ ಕಳಿಸಿದರು, ಇನ್ನೊಬ್ಬರು ಜೀರಿಗೆ ಕಷಾಯ. ನಾನು ನಾಲಿಗೆ ಹೊಲಿದುಕೋ ಎಂದು ತಮಗೇ ಹೇಳಿದೆನೆಂದು ತಿಳಿದಿದ್ದ ಹೆಡ್‌ಮಾಸ್ತರರು, ಪಾಪ, ಮುನಿಸು ಬಿಟ್ಟು ಉಪ್ಪುನೀರು ಮುಕ್ಕಳಿಸಲು ಹೇಳಿ ಹೋದರು. ನನ್ನ ಬಾಯಿಯಲ್ಲಿ ಆಗಲೇ ಇದ್ದ ನೀರು ನಗು ತಡೆಯಲಾರದೆ ಅವರ ಧೋತರದ ಮೇಲೆ ಹಾರಿತು. ಮುನಿಸು ಮತ್ತೆ ಮೊದಲಿನಿಂದ ಶುರುವಾಯಿತು.

ನಲವತ್ತನೆಯ ದಿನ ಬೆಳಿಗ್ಗೆ ಹತ್ತೂವರೆಗೆ ಕೆರೆಯ ದಂಡೆಯಲ್ಲಿ ಪಂಚಾಕ್ಷರಯ್ಯನವರು ಕೊಡೆ ಹಿಡಿದು ನಿಂತಿದ್ದರು. ಮಿತಭಾಷಿ ಮನುಷ್ಯ, ಯಾವಾಗಲೂ ನೆಲ ನೋಡಿ ನಡೆಯುವವರು. ನಾನು ಬಾಯಿ ತುಂಬ ನೀರಿನೊಂದಿಗೆ ಸಿದ್ಧಳಾಗಿ ಬಂದಿದ್ದೆ. ಅವರು ಪುಸ್ತಕ ತೆರೆದು, ನಿಮ್ಮ ಹೆಸರು ಎಂದು ಕೇಳಿದರು. ಮೂವತ್ತೊಂದು ವರ್ಷ ದಿನಾ ನನ್ನ ಕರೆ ಕೇಳಿ ಬಸ್ಸು ಹತ್ತಿದವರಿಗೆ ನನ್ನ ಹೆಸರು ಗೊತ್ತಿಲ್ಲವೇ, ಆದರೆ ನಿಯಮ ಅಂದರೆ ನಿಯಮ. ವಿಧಿಯಿಲ್ಲದೆ ನೀರು ನುಂಗಿದೆ. ಹೆಸರು, ಓಣಿ, ನಾಯಿಯ ಹೆಸರು, ಅದರ ಬಣ್ಣ, ಒಂದೊಂದಕ್ಕೂ ಹೋಗಲು ಒಂದೆಲೆ ಬರಲು ಒಂದೆಲೆ. ಕೆರೆಯ ನೀರು ಎದುರಿಗೇ ಇತ್ತು, ಆದರೆ ಮತ್ತೆ ತುಂಬಿಕೊಳ್ಳಲು ಅವರು ಸಮಯ ಕೊಡಲಿಲ್ಲ. ದಾರ ಕಟ್ಟಿದರು. ಬಿಳಿಯ ಒಂಟಿ ಎಳೆ, ಬೆರಳಿಗೆ ಸುತ್ತಿದ್ದೂ ಗೊತ್ತಾಗುವುದಿಲ್ಲ. ನಡೆಯಿರಿ ಎಂದು ಕೈ ಮಾಡಿ, ಹತ್ತು ಹೆಜ್ಜೆ ಹಿಂದೆ ತಾವೂ ಹೊರಟರು.

ಚುರುಮುರಿ ಆ ದಿನ ನಡೆದದ್ದನ್ನು ನೀವು ನೋಡಬೇಕಿತ್ತು. ದಾರ ತಗುಲಿದ್ದು ಗೊತ್ತಾಗಿ ಅದಕ್ಕೇ ಏನೋ ಅನುಮಾನ ಬಂದಂತೆ ಪಾದ ನೋಡಿಕೊಂಡು ನಡೆಯಿತು. ಬಾತುಕೋಳಿಗಳನ್ನು ನೋಡಿತು, ಬಲಗಿವಿ ಹಿಂದಕ್ಕೆ ಹೋಯಿತು, ನಾನು ನಿಂತೆ, ಕಿವಿ ಮುಂದಕ್ಕೆ ಬಂತು. ಒಂದು ಬೆಕ್ಕು ಅಡ್ಡ ಹೋಯಿತು, ಇಬ್ಬರೂ ನಿಂತೆವು. ಚೌಕದ ನಟ್ಟನಡುವೆ ಒಂದು ಸೈಕಲ್ಲು ನಮ್ಮ ಮೂಗಿನ ಮುಂದೆಯೇ ಸರಿದುಹೋಯಿತು. ಚುರುಮುರಿ, ಹಗ್ಗದಲ್ಲಿ ನನ್ನನ್ನು ಬಾವಿ ಸುತ್ತಿಸಿದ ಆ ಚುರುಮುರಿ, ನಾನು ನಿಲ್ಲುವ ಮೊದಲೇ ತಾನಾಗಿ ನನ್ನ ಮೊಣಕಾಲಿನ ಪಕ್ಕ ನಿಂತಿತು.

ನನ್ನ ಬಾಯಿ ಖಾಲಿಯಿತ್ತು. ಶಾಭಾಷ್ ಚುರ್ಯಾ ಅಂದುಬಿಟ್ಟೆ.

ಅಂದದ್ದು ತುಟಿಗೆ ಗೊತ್ತಾಯಿತು, ಕಿವಿಗೆ ಇನ್ನೂ ಬಂದಿರಲಿಲ್ಲ. ಮಾತು ಹೊರಟಾಗಿತ್ತು. ಚೌಕದಿಂದ ಕಂಬಕ್ಕೆ ಸರಿಯಾಗಿ ಒಂದೆಲೆಯ ದಾರಿ, ಅದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು. ನಾವು ನಡೆದರೆ ಕಂಬದ ಬುಡದಲ್ಲಿ ಶಾಭಾಷ್ ಬೀಳುತ್ತದೆ, ಇಪ್ಪತ್ತು ದಿನದಿಂದ ಅದಕ್ಕಾಗಿ ಕಾದ ನಾಯಿ ಸಂಭ್ರಮದಿಂದ ಕಂಬಕ್ಕೆ ನೆಗೆಯುತ್ತದೆ, ದಾರ ಎರಡಾಗುತ್ತದೆ. ಕಾಲು ಒಂದು ಹೆಜ್ಜೆ ಮುಂದೆ ಇಟ್ಟಿದ್ದೆ. ಹಿಂದಕ್ಕೆ ತೆಗೆದುಕೊಂಡೆ. ಈ ಮಾತು ಎಲ್ಲಿ ಇಳಿಯಬೇಕೋ ಅಲ್ಲೇ ಇಳಿಯಲಿ, ಅದು ಬರುವವರೆಗೆ ನಾವು ಇಲ್ಲಿಂದ ಅಲ್ಲಾಡುವುದಿಲ್ಲ ಎಂದು ಚೌಕದ ನಡುವೆ ಗೂಟ ಹೊಡೆದ ಹಾಗೆ ನಿಂತೆ.

ಅಷ್ಟರಲ್ಲೇ ಹನ್ನೊಂದರ ಬಸ್ಸು ಬಂತು. ನಮ್ಮ ಮುಂದೆಯೇ ಬಂದು ನಿಂತು ಗುರುಗುಟ್ಟಿತು. ಡ್ರೈವರ್ ಹನುಮಂತಪ್ಪನ ಕೈ ಹಾರ್ನಿನ ಮೇಲೆ ಹೋಗಿದ್ದು ಕಂಡಿತು. ಹಾರ್ನಿಗೆ ಎಲೆಯ ಹೊತ್ತು ಬೇಕಿಲ್ಲ, ಹೊಡೆದರೆ ಚುರುಮುರಿ ಬೆಚ್ಚಿ ಹಾರುತ್ತದೆ. ನಾನು ಅವನ ಮುಖ ನೋಡಿದೆ. ಮಾತಾಡಲಿಲ್ಲ, ಆಡಿದರೂ ತಡವಾಗುತ್ತಿತ್ತು. ಎಷ್ಟೋ ಸಾವಿರ ಸಲ ನಿನ್ನ ಬಸ್ಸಿಗಾಗಿ ನನ್ನ ಮಾತು ಕಾದಿದೆ, ಒಂದು ಸಲ ನನ್ನ ಮಾತಿಗಾಗಿ ನಿನ್ನ ಬಸ್ಸು ಕಾಯಲಿ ಎಂದು ಮನಸ್ಸಿನಲ್ಲೇ ಕೇಳಿಕೊಂಡೆ. ಅವನು ಕೈ ತೆಗೆದು ಮೀಸೆ ತೀಡಿಕೊಂಡ. ಬಸ್ಸಿನ ಕಿಟಕಿಗಳಿಂದ ಇಪ್ಪತ್ತು ತಲೆ ಹೊರಗೆ ಬಂದವು. ಸೋಡಾ ಅಂಗಡಿಯ ಪಕ್ಕ ಯಂಕವ್ವ ಎಮ್ಮೆಯ ಹಗ್ಗ ಹಿಡಿದು ನಿಂತಿದ್ದಳು, ನನ್ನ ತುಟಿ ಅಲ್ಲಾಡಿದ್ದು ಅವಳಿಗೂ ಕಂಡಿತ್ತು. ಅವಳ ಕೈಯಲ್ಲಿ ಎಲೆಯಿತ್ತು. ಸುಣ್ಣವಾಯಿತು. ಅಡಿಕೆಯಾಯಿತು. ಚುರುಮುರಿ ಬಸ್ಸಿನ ಚಕ್ರ ನೋಡಿತು, ಯಂಕವ್ವನನ್ನು ನೋಡಿತು, ನನ್ನನ್ನು ನೋಡಿತು. ಇವಳು ಇವತ್ತು ಇಲ್ಲೇ ಮನೆ ಮಾಡುತ್ತಾಳೆ ಅನ್ನಿಸಿರಬೇಕು. ಬಾಲ ಮಡಚಿ, ಹಿಂಗಾಲು ಊರಿ, ಆರಾಮಾಗಿ ಕೂತಿತು. ದಾರ ನಮ್ಮಿಬ್ಬರ ನಡುವೆ ನೆಲ ಮುಟ್ಟುವಷ್ಟು ಸಡಿಲವಾಗಿ ಬಾಗಿತು.

ಯಂಕವ್ವ ಎಲೆ ಬಾಯಿಗೆ ಹಾಕಿದಳು. ಶಾಭಾಷ್ ಚುರ್ಯಾ ಎಂದು ನನ್ನದೇ ದನಿ ಚೌಕದ ತುಂಬ ಕೇಳಿಸಿತು. ಮಲಗಿದ್ದ ಕಿವಿಯೂ ಎದ್ದು ನಿಂತಿತು. ನಾನು ಬಗ್ಗಿ, ಅದು ಕೂತಿದ್ದ ಜಾಗದಲ್ಲೇ ಅದರ ಬಾಯಿಗೆ ಒಂದು ಮುಷ್ಟಿ ಪುಟಾಣಿ ಸುರಿದೆ.

ಅಲ್ಲಿಂದ ಅಂಚೆ ಕಚೇರಿಗೆ ನಡೆದದ್ದು ನನಗೆ ಸರಿಯಾಗಿ ನೆನಪಿಲ್ಲ. ಕಂಬದ ಹತ್ತಿರ ಬಂದಾಗ ದಸ್ತಗೀರ್, ಕೊರಳಲ್ಲಿ ಟೇಪು, ಕಿವಿಯಲ್ಲಿ ಸೀಮೆಸುಣ್ಣದ ಚೂರು, ಕಂಬಕ್ಕೆ ಬೆನ್ನು ಕೊಟ್ಟು ಕೈ ಹಿಂದೆ ಮಾಡಿ ಅದನ್ನು ಮರೆಮಾಡಿ ನಿಂತಿದ್ದ. ಬೆಳಗಿನಿಂದ ಗಿರಾಕಿ ಬಿಟ್ಟು ಹಾಗೇ ನಿಂತಿದ್ದನೆಂದು ಆಮೇಲೆ ಗೊತ್ತಾಯಿತು. ಚುರುಮುರಿ ಅವನ ಪ್ಯಾಂಟು ಮೂಸಿತು. ಅವನು ಕಣ್ಣು ಮುಚ್ಚಿಕೊಂಡ. ನಾವು ಮುಂದೆ ಹೋದೆವು.

ಅಂಚೆ ಕಚೇರಿಯ ಮೆಟ್ಟಿಲ ಬಳಿ ಪಂಚಾಕ್ಷರಯ್ಯನವರು ಬಗ್ಗಿ ದಾರವನ್ನು ಬೆರಳಿನಿಂದ ತುದಿಯಿಂದ ತುದಿಯವರೆಗೆ ಸವರಿ ನೋಡಿದರು. ಜೇಬಿನಿಂದ ಬಿಲ್ಲೆ ತೆಗೆದು ಚುರುಮುರಿಯ ಕೊರಳಿಗೆ ಕಟ್ಟಿದರು. ಏನೋ ಹೇಳಿದ ಹಾಗೆ ತುಟಿ ಅಲ್ಲಾಡಿತು, ಆದರೆ ಅವರು ಕೊಡೆ ಬಿಡಿಸಿ ಹೊರಟೇಬಿಟ್ಟರು. ನಾನು ಒಂದೆಲೆ ಕಾದೆ.

“ಬಾಯಾರ, ಚೌಕದಾಗ ಹಂಗ ನಿಲ್ಲೂದು ನಿಯಮದಾಗ ಇಲ್ಲ, ಬ್ಯಾಡಂತನೂ ಬರದಿಲ್ಲ. ನೀವು ನೌಕರಿ ಬಿಟ್ಟ ಮ್ಯಾಲ ಈ ಊರಾಗ ಒಂದು ಮಾತು ಬೀಳೂ ಹೊತ್ತಿಗೆ ಬಿದ್ದದ್ದನ್ನ ನಾ ಕೇಳಿದ್ದು ಇವತ್ತೇ.”

ಅವರು ಆಗಲೇ ಬೀದಿಯ ತಿರುವಿನಲ್ಲಿದ್ದರು. ಮೂವತ್ತೊಂದು ವರ್ಷದಲ್ಲಿ ಯಾರೂ ನನಗೆ ಹೇಳದಿದ್ದ ಮಾತು ಅದು.

“ನಾಳೆ ಮೈಕಿನ ಮುಂದ ಕುಂತ ಹೊಸಬರಿಗೆ ಸ್ವಲ್ಪ ಕಲಿಸಿ ಬರ್ತೇನ್ರಿ, ಧೂಳು ನೋಡಿ ಕರೀಬೇಕು ಅಂತ” ಎಂದೆ.

ಕೊಡೆ ಇನ್ನೂ ಕಾಣುತ್ತಿತ್ತು. ಒಂದೆಲೆ ಕಳೆದ ಮೇಲೆ ಅದು ಎರಡು ಸಲ ಮೇಲೆ ಕೆಳಗೆ ಅಲ್ಲಾಡಿತು.

ಮನೆಯ ಕಡೆ ತಿರುಗಿದೆವು. ಹಗ್ಗ ನನ್ನ ಹೆಗಲ ಮೇಲಿತ್ತು, ಹೂದಾರ ಇನ್ನೂ ಚುರುಮುರಿಯ ಕೊರ‍ಳಲ್ಲೇ ಇತ್ತು, ಬಿಚ್ಚಲು ನನಗೆ ಮನಸ್ಸಾಗಿರಲಿಲ್ಲ. ಬಿಲ್ಲೆ ಹೆಜ್ಜೆಹೆಜ್ಜೆಗೂ ಟಿಣ್ ಅನ್ನುತ್ತಿತ್ತು. ಟೇಲರ್ ಅಂಗಡಿಯ ಮುಂದೆ ಬರುವಾಗ ಚುರುಮುರಿ ಕಂಬ ನೋಡಿತು, ನನ್ನನ್ನು ನೋಡಿತು, ಚೌಕದ ನೆನಪು ಬಂತೋ ಏನೋ, ಕಂಬದಿಂದ ಎರಡಡಿ ದೂರದಲ್ಲಿ ಬಾಲ ಮಡಚಿ ಕೂತಿತು. ದಸ್ತಗೀರ್‌ಗೆ ಇನ್ನು ತಡೆಯಲಾಗಲಿಲ್ಲ. ಕಂಬ ಬಿಟ್ಟು ಎರಡೂ ಕೈ ಮೇಲೆತ್ತಿಕೊಂಡು ನಮ್ಮತ್ತ ಓಡಿ ಬಂದ. ಬಾಯಿ ಅಗಲವಾಗಿ ತೆರೆದು ಏನು ಅಂದನೆಂದು ತುಟಿಯಲ್ಲೇ ಕಂಡೆ. ಅನ್ನಬೇಡ ತಮ್ಮಾ ಎಂದು ನಾನು ಕೈ ಅಡ್ಡ ಹಿಡಿಯುವಷ್ಟರಲ್ಲಿ ಮಾತು ಹೊರಟಾಗಿತ್ತು. ನಾನು ಉಸಿರು ಬಿಗಿಹಿಡಿದು ನಿಂತೆ. ಚುರುಮುರಿ ಸ್ವಲ್ಪ ಹೊತ್ತು ಕೂತಿತ್ತು. ಆಮೇಲೆ ಆಕಳಿಸಿತು, ಎದ್ದಿತು, ಮೈ ಕೊಡವಿತು, ದಾರ ಒಂದಿಷ್ಟೂ ಬಿಗಿಯದಂತೆ ಎರಡು ಹೆಜ್ಜೆ ಮುಂದೆ ಹೋಗಿ, ಮರೆಯಿಲ್ಲದೆ ಒಂಟಿಯಾಗಿ ನಿಂತಿದ್ದ ಹಸಿರು ಕಂಬಕ್ಕೆ ನಿಧಾನವಾಗಿ ಕಾಲೆತ್ತಿತು. ಆಗ ಬಂದು ಬಿತ್ತು, ದಸ್ತಗೀರನ ಶಾಭಾಷ್.